ಕೆಸರಿನಲ್ಲಿ ಹುಟ್ಟುವ ಸೂಜಿಗಲ್ಲು

ಮಳವಳ್ಳಿಯ ಕಡೆಯ ಸೋದರಿಯೊಬ್ಬರು ನಮಗೆ ಬರೆದಿರುವ ಕಾಗದವೇ ಈ ತಿಂಗಳ ಬರೆಹಕ್ಕೆ ಕಾರಣವಾಗಿದೆ. ಅವರ ಊರಿನ ಸಂತೆಗೆ ಅಯಸ್ಕಾಂತದ ಸರಗಳನ್ನು ಮಾರುವವನೊಬ್ಬನು ಬಂದಿದ್ದನಂತೆ. ರಕ್ತದಲ್ಲಿ ಕಬ್ಬಿಣವಿದೆಯೆಂದೂ, ಕಬ್ಬಿಣವನ್ನು ಸೂಜಿಗಲ್ಲು ಸೆಳೆಯುವುದರಿಂದ ಸರವನ್ನು ಕೊರಳಿಗೆ ಹಾಕಿಕೊಂಡರೆ ರಕ್ತವು ಚುರುಕಾಗಿ ಹರಿದು ವೃದ್ಧಿಯಾಗುವುದೆಂದೂ ಅವನು ಹೇಳಿದನಂತೆ. ಹಕ್ಕಿಗೂ ಜೇನಿಗೂ ದೇವರು ಹುಟ್ಟಿನಿಂದಲೇ ಮೈಯೊಳಗೆ ಸೂಜಿಗಲ್ಲನ್ನಿಟ್ಟಿದ್ದಾನೆ, ಮನುಷ್ಯನಿಗೂ ಅದು ಇದ್ದಿತು, ತಲೆಮಾರಿನಿಂದ ತಲೆಮಾರಿಗೆ ಸವೆದುಹೋಯಿತು, ಬಸುರಿಯಾದವಳು ಈ ಸರವನ್ನು ಧರಿಸಿದರೆ ಹೊಟ್ಟೆಯ ಕೂಸಿಗೂ ಆ ಗುಣವು ಇಳಿಯುವುದು ಎಂಬುದು ಅವನ ವಾದದ ಉಳಿದ ಭಾಗ. ಸರದ ಬೆಲೆ ಎರಡು ಸಾವಿರ ರೂಪಾಯಿಯ ಮೇಲೆ. ಈ ಸೋದರಿಯ ಹದಿನಾರು ವರ್ಷದ ಮಗಳು ಕೆಲವು ತಿಂಗಳಿನಿಂದ ಬಿಳಿಚಿಕೊಂಡಿದ್ದಾಳೆ. ಮೆಟ್ಟಿಲು ಹತ್ತಿದರೆ ಏದುಸಿರು ಬಿಡುತ್ತಾಳೆ. "ಕೊಳ್ಳಲೋ ಬೇಡವೋ ತಿಳಿಸಿರಿ" ಎಂದು ಅವರು ಕೇಳಿದ್ದಾರೆ.

ಬೇಡ. ಇಷ್ಟನ್ನು ಮೊದಲೇ ಹೇಳಿಬಿಡುವೆವು. ಆದರೆ ಆ ಮಾರಾಟಗಾರನ ಮಾತನ್ನು ಪೂರಾ ಸುಳ್ಳೆಂದು ತಳ್ಳಿಹಾಕುವಂತಿಲ್ಲ. ಮೊರದಲ್ಲಿ ಅಕ್ಕಿಯೂ ಕಲ್ಲೂ ಕೂಡಿಬಿದ್ದಿರುವಂತೆ ಅದರಲ್ಲಿ ನಿಜವೂ ಇದೆ, ಹುಸಿಯೂ ಇದೆ. ಕೇರಿ ನೋಡಿದರೆ ಉಳಿಯುವ ಅಕ್ಕಿಯು ಅವನ ಕಥೆಗಿಂತಲೂ ಎಷ್ಟೋ ಸೋಜಿಗವಾದುದು. ಅದರ ಬಹುಭಾಗವು ನಮ್ಮ ಮಂಡ್ಯ, ಮದ್ದೂರು, ಮಳವಳ್ಳಿಗಳ ಗದ್ದೆಯ ಕೆಸರಿನಂಥ ಕೆಸರಿಗೆ ಸೇರಿದುದು.

ಮಳೆ ನಿಂತ ಮೇಲೆ ಹಳ್ಳದ ಮರಳಿನಲ್ಲಿ ಮಕ್ಕಳು ಸೂಜಿಗಲ್ಲನ್ನು ದಾರಕ್ಕೆ ಕಟ್ಟಿ ಎಳೆದಾಡುವುದನ್ನು ವಾಚಕರು ಕಂಡಿರಬಹುದು. ಕಲ್ಲಿನ ಮೈಗೆ ಕರಿಯ ಪುಡಿ ಮೀಸೆಯಂತೆ ಅಂಟಿಕೊಳ್ಳುತ್ತದೆ. ಆ ಕರಿಯ ಪುಡಿಯಲ್ಲಿ ಮುಖ್ಯವಾದುದು ಮ್ಯಾಗ್ನೆಟೈಟ್ ಎಂಬ ಖನಿಜ. ಕಬ್ಬಿಣದ ಮೂರು ಅಣುಗಳೂ ಆಮ್ಲಜನಕದ ನಾಲ್ಕು ಅಣುಗಳೂ ಕೂಡಿ ಆದ ಕಲ್ಲು. ಮಳವಳ್ಳಿಯ ಸೀಮೆಯವರಿಗೆ ಕಬ್ಬಿಣದ ಕಲ್ಲು ಹೊಸದಲ್ಲ. ಲೂಯಿಸ್ ರೈಸರು ೧೮೯೭ರಲ್ಲಿ ಪ್ರಕಟಿಸಿದ ಮೈಸೂರು ಗೆಜೆಟಿಯರಿನಲ್ಲಿ ಕಬ್ಬಿಣವನ್ನು ಕರಗಿಸಿ ತೆಗೆಯುತ್ತಿದ್ದ ತಾಲ್ಲೂಕುಗಳ ಹೆಸರನ್ನು ಹೇಳುವಾಗ ಮಾಗಡಿ, ಚಿಕ್ಕನಾಯಕನಹಳ್ಳಿ, ಹೆಗ್ಗಡದೇವನಕೋಟೆಗಳ ಜತೆಗೆ ಮಳವಳ್ಳಿಯನ್ನೂ ಹೆಸರಿಸಿದ್ದಾರೆ. ಮಣ್ಣಿನ ಕುಲುಮೆ, ಇದ್ದಲಿನ ರಾಶಿ, ಹಗಲಿರುಳು ತಿದಿಯೊತ್ತುವ ಆಳುಗಳು, ಇಷ್ಟೆಲ್ಲ ಬೆಂಕಿ ಬೆವರುಗಳಿಂದ ಕಲ್ಲಿನೊಳಗಿನ ಕಬ್ಬಿಣವು ಹೊರಗೆ ಬರುತ್ತಿದ್ದಿತು. ಇದಕ್ಕೆ ತಿರುಗುಮುರುಗಾದ ಕೆಲಸವನ್ನು, ಎಂದರೆ ನೀರಿನಲ್ಲಿ ಕರಗಿದ ಕಬ್ಬಿಣದಿಂದ ಆ ಕರಿಯ ಕಲ್ಲನ್ನೇ ಕಟ್ಟುವ ಕೆಲಸವನ್ನು, ಬೆಂಕಿಯಿಲ್ಲದೆ, ತಣ್ಣಗಿನ ಕೆಸರಿನಲ್ಲಿ, ಸದ್ದಿಲ್ಲದೆ ಮಾಡತಕ್ಕ ಜೀವಿಗಳಿವೆ.

ಜೀವಿಯೊಂದು ಈ ಕಲ್ಲನ್ನು ತಾನೇ ಹುಟ್ಟಿಸಬಲ್ಲದೆಂಬುದನ್ನು ಮೊದಲು ತೋರಿಸಿಕೊಟ್ಟವರು ಹೈನ್ಸ್ ಲೋವೆನ್‌ಸ್ಟಾಮ್ ಎಂಬ ಪಂಡಿತರು. ೧೯೬೨ರಲ್ಲಿ ಅವರು ಕಡಲದಡದ ಬಂಡೆಗಳಿಗೆ ಕಚ್ಚಿಕೊಂಡಿರುವ ಕೈಟನ್ ಎಂಬ ಚಿಪ್ಪಿನ ಪ್ರಾಣಿಯ ಹಲ್ಲಿನಲ್ಲಿ ಮ್ಯಾಗ್ನೆಟೈಟನ್ನು ಕಂಡರು. ಬಂಡೆಯ ಮೇಲಿನ ಪಾಚಿಯನ್ನು ಕೆರೆದು ತಿನ್ನುವ ಆ ಪ್ರಾಣಿಗೆ ಗಟ್ಟಿಯಾದ ಹಲ್ಲು ಬೇಕು, ಅದಕ್ಕಾಗಿ ಕಲ್ಲು. ಮರುವರ್ಷವೇ ಇಟಲಿಯ ಪಾವಿಯಾ ನಗರದ ಸಾಲ್ವತೋರೆ ಬೆಲ್ಲಿನಿ ಎಂಬ ವೈದ್ಯರು ನೀರಿನ ಹನಿಯೊಂದನ್ನು ಸೂಕ್ಷ್ಮದರ್ಶಕದಲ್ಲಿಟ್ಟು ನೋಡುತ್ತಿದ್ದಾಗ, ಅದರೊಳಗಿನ ಕೆಲವು ಬ್ಯಾಕ್ಟೀರಿಯಾಗಳೆಲ್ಲ ಬಡಗಣ ದಿಕ್ಕಿಗೇ ಈಜಿ ಹನಿಯ ಅಂಚಿನಲ್ಲಿ ಗುಂಪುಗೂಡುವುದನ್ನು ಕಂಡರು. ಅವರು ಬರೆದುದು ಬಹುಕಾಲ ಬೆಳಕಿಗೆ ಬರಲಿಲ್ಲ. ೧೯೭೫ರಲ್ಲಿ ಅಮೆರಿಕದ ರಿಚರ್ಡ್ ಬ್ಲೇಕ್‌ಮೋರ್ ಎಂಬ ತರುಣರು ವುಡ್ಸ್ ಹೋಲಿನ ಬಳಿಯ ಉಪ್ಪುಜೌಗಿನ ಕೆಸರಿನಲ್ಲಿ ಇದನ್ನೇ ಸ್ವತಂತ್ರವಾಗಿ ಕಂಡು ಪ್ರಕಟಿಸಿದ ಮೇಲೆಯೇ ಲೋಕವು ಕಣ್ತೆರೆಯಿತು. ಕಿಟಕಿಯ ಬೆಳಕಿಗೆ ಅವು ಓಡುತ್ತಿರಬಹುದೆಂದು ಅವರು ಮೊದಲು ಶಂಕಿಸಿದರು. ಬೆಳಕನ್ನು ಮರೆಮಾಡಿದರೂ ಹೋಗುವ ದಿಕ್ಕು ಬದಲಾಗಲಿಲ್ಲ. ಸೂಜಿಗಲ್ಲನ್ನು ಹತ್ತಿರ ತಂದೊಡನೆ ಎಲ್ಲವೂ ಒಟ್ಟಿಗೆ ತಿರುಗಿದವು.

ಆ ಮೇಲೆ ಇಂಥ ಜೀವಿಗಳು ನಾನಾ ದೇಶಗಳ ಕೆರೆ, ಕುಂಟೆ, ಜೌಗುಗಳ ಕೆಸರಿನಲ್ಲಿ ದೊರೆತಿವೆ. ಅವಕ್ಕೆ ಬೇಕಾದುದು ನಿಂತ ನೀರು, ಮೆತ್ತನೆಯ ಕೆಸರು, ಕರಗಿದ ಕಬ್ಬಿಣ, ಹಾಗೂ ಆಮ್ಲಜನಕವು ಇದ್ದೂ ಇಲ್ಲದಂತಿರುವ ಒಂದು ತೆಳುವಾದ ಪದರ. ಇವೆಲ್ಲವೂ ವಿಶ್ವೇಶ್ವರಯ್ಯ ನಾಲೆಯ ಬಯಲಿನ ಗದ್ದೆಗಳಲ್ಲಿ ಕೂಡಿಬಂದಿವೆ. ನಾಟಿಗೆಂದು ಗದ್ದೆಯಲ್ಲಿ ನೀರು ಕಟ್ಟಿದ ಕೆಲವು ದಿನಗಳಲ್ಲೇ ಮಣ್ಣಿನೊಳಗಿನ ಆಮ್ಲಜನಕವು ತೀರಿಹೋಗುತ್ತದೆ. ಆಗ ಮಣ್ಣಿನಲ್ಲಿ ತುಕ್ಕಿನ ರೂಪದಲ್ಲಿ ಗಟ್ಟಿಯಾಗಿದ್ದ ಕಬ್ಬಿಣವು ಕರಗಿ ನೀರಿಗಿಳಿಯುತ್ತದೆ. ಬೆಳೆದ ಪೈರನ್ನು ಕಿತ್ತು ಬೇರನ್ನು ತೊಳೆದು ನೋಡಿದರೆ ಇಟ್ಟಿಗೆಯ ಬಣ್ಣದ ಲೇಪವು ಕಾಣುವುದಷ್ಟೆ? ಅದು ಕೊಳೆಯಲ್ಲ. ಬೇರು ಮೇಲಿನಿಂದ ಇಳಿಸಿಕೊಂಡ ಆಮ್ಲಜನಕವು ಸೋರಿ, ಕರಗಿದ ಕಬ್ಬಿಣವನ್ನು ಮತ್ತೆ ತುಕ್ಕಾಗಿಸಿದ ಗುರುತು. ಆಮ್ಲಜನಕವು ಮುಗಿದು ಕಬ್ಬಿಣವು ಕರಗಲಾರಂಭಿಸುವ ಈ ಗಡಿಯೇ ನಮ್ಮ ಸೂಕ್ಷ್ಮಜೀವಿಗಳಿಗೆ ಒಪ್ಪುವ ಮನೆ.

ಆ ಗಡಿಯನ್ನು ಹುಡುಕಿಕೊಳ್ಳುವುದು ಅವುಗಳ ಜೀವನದ ಪ್ರಶ್ನೆ. ಮೇಲೆ ಹೋದರೆ ಆಮ್ಲಜನಕವು ಹೆಚ್ಚಾಗಿ ಕೆಡುಕು, ಕೆಳಗೆ ಹೋದರೆ ಸಾಲದಾಗುವುದು. ಅಷ್ಟು ಸಣ್ಣ ಜೀವಿಗೆ ಮೇಲಾವುದು ಕೆಳಗಾವುದು ತಿಳಿಯುವುದಿಲ್ಲ; ಅದರ ಗಾತ್ರಕ್ಕೆ ಭೂಮಿಯ ಸೆಳೆತವು ಲೆಕ್ಕಕ್ಕಿಲ್ಲ, ನೀರಿನ ಅಣುಗಳ ತಳ್ಳಾಟವೇ ಹೆಚ್ಚು. ಇಲ್ಲಿ ಸೂಜಿಗಲ್ಲು ನೆರವಿಗೆ ಬರುತ್ತದೆ. ಭೂಮಿಯ ಅಯಸ್ಕಾಂತಬಲದ ರೇಖೆಗಳು ಯೂರೋಪು ಅಮೆರಿಕಗಳಲ್ಲಿ ಬಡಗಣಕ್ಕೆ ಹೋಗುತ್ತ ನೆಲದೊಳಕ್ಕೆ ಕಡಿದಾಗಿ ಇಳಿಯುತ್ತವೆ. ಆದುದರಿಂದ ಬಡಗಣಕ್ಕೆ ಈಜುವ ಜೀವಿಯು ತಾನಾಗಿಯೇ ಕೆಸರಿಗಿಳಿಯುವುದು. ಭೂಗೋಳದ ತೆಂಕಣ ಅರ್ಧದಲ್ಲಿ, ನ್ಯೂಜಿಲೆಂಡಿನಂಥ ಕಡೆ, ರೇಖೆಗಳು ಎದುರು ದಿಕ್ಕಿನಲ್ಲಿಳಿಯುವುದರಿಂದ ಅಲ್ಲಿಯ ಜೀವಿಗಳು ತೆಂಕಣಕ್ಕೆ ಈಜುತ್ತವೆಂದು ೧೯೮೦ರಲ್ಲಿ ಕಂಡುಬಂದಿತು. ಹಾಗಾದರೆ ರೇಖೆಗಳು ಇಳಿಯದೆ ಅಡ್ಡಲಾಗಿ ಮಲಗಿರುವ ಸೀಮೆಯಲ್ಲಿ ಏನು ಗತಿ? ೧೯೮೧ರಲ್ಲಿ ಬ್ರೆಜಿಲ್ ದೇಶದ ಫೋರ್ತಲೇಸಾದಲ್ಲಿ ಪರೀಕ್ಷಿಸಿದವರಿಗೆ ಎರಡು ದಿಕ್ಕಿಗೂ ಈಜುವ ಜೀವಿಗಳು ಹೆಚ್ಚುಕಡಮೆ ಸಮಸಮವಾಗಿ ದೊರೆತವು.

ಈ ಮಾತು ನಮಗೆ ದೂರದ್ದಲ್ಲ. ರೇಖೆಗಳು ಅಡ್ಡಲಾಗಿ ಮಲಗಿರುವ ಆ ಅಯಸ್ಕಾಂತದ ಸಮಭಾಜಕವು ನಮ್ಮ ಪರ್ಯಾಯದ್ವೀಪದ ತೆಂಕಣ ತುದಿಯ ಬಳಿಯಲ್ಲೇ ಹಾದುಹೋಗುತ್ತದೆ; ತಿರುವನಂತಪುರದ ಬಳಿಯ ತುಂಬಾದಲ್ಲಿ ೧೯೬೩ರಲ್ಲಿ ರಾಕೆಟ್ಟು ಹಾರಿಸುವ ನೆಲೆಯನ್ನು ಸ್ಥಾಪಿಸಿದುದಕ್ಕೆ ಅದೇ ಕಾರಣ. ಮಂಡ್ಯವು ಅಲ್ಲಿಂದ ಬಹಳ ಬಡಗಣಕ್ಕಿಲ್ಲ. ಇಲ್ಲಿ ದಾರದಲ್ಲಿ ತೂಗಬಿಟ್ಟ ಅಯಸ್ಕಾಂತದ ಸೂಜಿಯು ಬಡಗಣ ತುದಿಯನ್ನು ತುಸುವೇ ಬಾಗಿಸುತ್ತದೆ. ಜರ್ಮನಿಯ ಕೆಸರಿನ ಜೀವಿಗೆ ಕಡಿದಾದ ಏಣಿಯು ದೊರೆತರೆ, ನಮ್ಮ ಗದ್ದೆಯ ಜೀವಿಗೆ ದೊರೆಯುವುದು ಓರೆಯಾಗಿ ಮಲಗಿದ ಹಲಗೆ. ಅದರ ಮೇಲೆ ಬಹುದೂರ ಸಾಗಿದರೆ ಸ್ವಲ್ಪ ಕೆಳಗಿಳಿದಂತಾಯಿತು. ಆಮ್ಲಜನಕದ ರುಚಿಯನ್ನೂ ನೋಡಿಕೊಂಡು ಹಿಂದೆಮುಂದೆ ಈಜುವುದರಿಂದ ಅವುಗಳ ಬಾಳು ನಡೆಯುತ್ತದೆ. ಸೂಜಿಗಲ್ಲಿನ ಕೆಲಸವೆಂದರೆ ಸುತ್ತಲೂ ಅಲೆಯದೆ ಒಂದೇ ಗೆರೆಯ ಮೇಲೆ ಹುಡುಕುವಂತೆ ಮಾಡುವುದು. ಇನ್ನೊಂದು ಸ್ವಾರಸ್ಯವನ್ನು ಹೇಳಬೇಕು. ಸತ್ತ ಜೀವಿಯೂ ಸೂಜಿಗಲ್ಲಿನ ಕಡೆಗೆ ತಿರುಗುತ್ತದೆ, ಈಜುವುದಿಲ್ಲ ಅಷ್ಟೆ. ಎಂದರೆ ಅದು ದಿಕ್ಕನ್ನು ಅರಿತು ತಿರುಗುವುದಲ್ಲ. ಮೈಯೊಳಗಿನ ಕಲ್ಲು ಅದನ್ನು ಹಿಡಿದು ತಿರುಗಿಸುತ್ತದೆ.

ಆ ಕಲ್ಲಿನ ಅಚ್ಚುಕಟ್ಟನ್ನು ನೋಡಿದರೆ ಅಕ್ಕಸಾಲಿಗನೂ ತಲೆದೂಗಬೇಕು. ಹರಳೊಂದರ ಅಗಲವು ಮಿಲಿಮೀಟರಿನ ಇಪ್ಪತ್ತು ಸಾವಿರದಲ್ಲೊಂದು ಪಾಲಿನಷ್ಟು. ಇದಕ್ಕಿಂತ ಬಹಳ ಚಿಕ್ಕದಾದರೆ ಹರಳಿನ ಅಯಸ್ಕಾಂತಗುಣವು ನೆಲೆ ನಿಲ್ಲದೆ ಕದಡಿಹೋಗುತ್ತದೆ. ಬಹಳ ದೊಡ್ಡದಾದರೆ ಒಳಗೇ ಎದುರುಬದುರಿನ ಭಾಗಗಳಾಗಿ ಒಡೆದು ಬಲವು ಕುಗ್ಗುತ್ತದೆ. ನಡುವಿನ ಆ ತಕ್ಕ ಅಳತೆಯಲ್ಲೇ ಜೀವಿಯು ಹರಳನ್ನು ನಿಲ್ಲಿಸುತ್ತದೆ. ಪ್ರತಿಯೊಂದು ಹರಳನ್ನೂ ತೆಳುಪೊರೆಯ ಚೀಲದಲ್ಲಿಟ್ಟು, ಇಂಥ ಹತ್ತಿಪ್ಪತ್ತು ಚೀಲಗಳನ್ನು ಒಂದು ಎಳೆಗೆ ಪೋಣಿಸಿ, ಮೈಯ ಉದ್ದಕ್ಕೆ ಸರವಾಗಿ ಹಿಡಿದಿರುತ್ತದೆ. ಎಳೆಯಿಲ್ಲದಿದ್ದರೆ ಹರಳುಗಳು ಒಂದನ್ನೊಂದು ಸೆಳೆದು ಮುದ್ದೆಯಾಗಿಬಿಡುತ್ತಿದ್ದವು.

ಈಗ ನಮ್ಮ ಸೋದರಿಯ ಪ್ರಶ್ನೆಯ ತಿರುಳಿಗೆ ಬಂದೆವು: ಈ ಸರವು ತಾಯಿಯಿಂದ ಮಗಳಿಗೆ ಬರುತ್ತದೆಯೇ? ಬರುತ್ತದೆ, ಎರಡು ಬಗೆಯಲ್ಲಿ ಬರುತ್ತದೆ. ಬ್ಯಾಕ್ಟೀರಿಯಾದ ಸಂತಾನವೆಂದರೆ ಒಂದು ಮೈ ನಡುವೆ ಸೀಳಿ ಎರಡಾಗುವುದು. ಹಾಗೆ ಸೀಳುವಾಗ ಸರವನ್ನೂ ನಡುವಿಗೆ ತಂದು ಸರಿಯಾಗಿ ಮುರಿದು ಅರ್ಧರ್ಧವನ್ನು ಇಬ್ಬರು ಮಕ್ಕಳಿಗೂ ಕೊಡುತ್ತದೆ. ತವರಿನ ಎರಡೆಳೆಯ ಸರವನ್ನು ಬಿಚ್ಚಿ ಒಂದೊಂದೆಳೆಯನ್ನು ಇಬ್ಬರು ಹೆಣ್ಣುಮಕ್ಕಳಿಗೂ ಕೊಟ್ಟಂತೆ. ಇದು ಒಡವೆಯ ಪಾಲು. ಆದರೆ ಮಗಳು ತನ್ನ ಅರ್ಧ ಸರವನ್ನು ಮತ್ತೆ ತುಂಬಿಸಿಕೊಳ್ಳಬೇಕು. ಇಲ್ಲವಾದರೆ ಮೊಮ್ಮಗಳಿಗೆ ಕಾಲು, ಮರಿಮಗಳಿಗೆ ಅರೆಕಾಲು ಎಂದು ಹಂಚಿಹಂಚಿ ಒಡವೆಯೇ ಇಲ್ಲವಾಗುವುದು. ತುಂಬಿಸಿಕೊಳ್ಳುವ ಕಸಬು ಎಲ್ಲಿಂದ ಬರಬೇಕು? ಅದು ಎರಡನೆಯ ಆಸ್ತಿ: ವಂಶವಾಹಿಗಳಲ್ಲಿ, ಎಂದರೆ ಜೀನುಗಳಲ್ಲಿ, ಬರೆದಿಟ್ಟ ವಿಧಾನ.

ಮಂಡ್ಯದ ಮನೆಗಳಲ್ಲಿ ಜೀನಿನ ಸಂಗತಿಯನ್ನು ಹೆಚ್ಚು ವಿವರಿಸಬೇಕಾದುದಿಲ್ಲ. ವಿ. ಸಿ. ಫಾರಂ ಎಂದು ಎಲ್ಲರೂ ಕರೆಯುವ ವಿಶ್ವೇಶ್ವರಯ್ಯ ಕಾಲುವೆ ಬಯಲಿನ ಕೃಷಿಕ್ಷೇತ್ರದಲ್ಲಿ ಡಾ. ಎಂ. ಮಹದೇವಪ್ಪನವರೇ ಮೊದಲಾದವರು ಭತ್ತದ ತಳಿಗಳನ್ನು ಕೂಡಿಸಿ ಹೊಸ ತಳಿಗಳನ್ನು ಕೊಟ್ಟುದು ಇಲ್ಲಿಯವರಿಗೆ ಚೆನ್ನಾಗಿ ತಿಳಿದಿದೆ. ೧೯೯೬ರಲ್ಲಿ ಹೊರಬಂದ ಕೆ.ಆರ್.ಎಚ್. ೨ ಎಂಬ ಮಿಶ್ರತಳಿಯೂ ಅಲ್ಲಿಯದೇ. ಹೆಚ್ಚು ಗೊಬ್ಬರ ಹಾಕಿದರೆ ಆ ವರ್ಷದ ಪೈರು ಹುಲುಸಾದೀತು. ಆದರೆ ಗೊಬ್ಬರದ ಗುಣವು ಬೀಜಕ್ಕಿಳಿದು ಮುಂದಿನ ವರ್ಷಕ್ಕೆ ಬರುವುದಿಲ್ಲ. ಬೀಜದಲ್ಲಿ ಬರೆದುದು ಮಾತ್ರ ಬರುತ್ತದೆ. ಕೆಸರಿನ ಜೀವಿಯಲ್ಲಿಯೂ ಇದೇ ನ್ಯಾಯ. ಕಬ್ಬಿಣವನ್ನು ಒಳಗೆಳೆಯುವುದು, ಚೀಲವನ್ನು ಹೊಲಿಯುವುದು, ಹರಳನ್ನು ಅಳತೆಗೆ ನಿಲ್ಲಿಸುವುದು, ಎಳೆಗೆ ಪೋಣಿಸುವುದು, ಇವಕ್ಕೆ ಬೇರೆ ಬೇರೆ ಜೀನುಗಳಿದ್ದು ಅವುಗಳಲ್ಲಿ ಬಹುಪಾಲು ಒಂದೇ ಕಡೆ ದ್ವೀಪದಂತೆ ಗುಂಪಾಗಿವೆಯೆಂದು ಜರ್ಮನಿಯ ಡಿರ್ಕ್ ಶ್ಯೂಲರರೂ ಅವರ ಸಂಗಡಿಗರೂ ೨೦೦೩ರಲ್ಲಿ ತೋರಿಸಿದರು. ಪ್ರಯೋಗಶಾಲೆಯ ಸುಖಜೀವನದಲ್ಲಿ ಕೆಲವು ಜೀವಿಗಳು ಈ ದ್ವೀಪವನ್ನೇ ಕಳೆದುಕೊಂಡುಬಿಡುತ್ತವೆ. ಅವುಗಳ ಸಂತತಿಗೆ ಸರವೂ ಇಲ್ಲ, ದಿಕ್ಕೂ ಇಲ್ಲ. ಸುತ್ತಲೂ ಕಬ್ಬಿಣವನ್ನು ಸುರಿದರೂ ಪಕ್ಕದಲ್ಲಿ ಸೂಜಿಗಲ್ಲನ್ನಿಟ್ಟರೂ ಅದು ಮರಳಿ ಬರುವುದಿಲ್ಲ. ೨೦೧೪ರಲ್ಲಿ ಇದೇ ಪಂಡಿತರು ಸುಮಾರು ಮೂವತ್ತು ಜೀನುಗಳನ್ನು ತೆಗೆದು, ಹುಟ್ಟಿನಿಂದ ಸೂಜಿಗಲ್ಲನ್ನೇ ಅರಿಯದ ಇನ್ನೊಂದು ಬ್ಯಾಕ್ಟೀರಿಯಾಕ್ಕೆ ಸೇರಿಸಿದರು. ಅದು ಹರಳುಗಳನ್ನು ಕಟ್ಟಿ ಸರವಾಗಿ ಪೋಣಿಸಿಕೊಂಡಿತು. ವಿದ್ಯೆಯಿರುವುದು ವಂಶವಾಹಿಯಲ್ಲೇ ಎಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿಯು ಬೇಕೆ?

ಕೊರಳಿಗೆ ಹಾಕಿದ ಸರವು ಹೊಟ್ಟೆಯ ಕೂಸಿಗೆ ಇಳಿಯುವುದೆಂಬ ಮಾತು ಇಲ್ಲಿಗೆ ಬಿದ್ದುಹೋಯಿತು. ಮೂಗುತಿಯಿಟ್ಟ ತಾಯಿಗೆ ಮೂಗು ಚುಚ್ಚಿದ ಮಗು ಹುಟ್ಟುವುದನ್ನು ಯಾರು ಕಂಡಿದ್ದಾರೆ?

ಇನ್ನು ಹಕ್ಕಿ ಹಾಗೂ ಜೇನು. ೧೯೭೮ರಲ್ಲಿ ಅಮೆರಿಕದ ಪ್ರಿನ್ಸ್‌ಟನ್ನಿನ ಪಂಡಿತರು ಜೇನುಹುಳುವಿನ ಹೊಟ್ಟೆಯ ಭಾಗದಲ್ಲಿ ಅಯಸ್ಕಾಂತಗುಣವನ್ನು ಅಳೆದರು. ಜೇನು ಅದನ್ನು ಗುರುತಿಸಬಲ್ಲದೆಂದು ಹವಾಯಿಯಲ್ಲಿ ಹುಳುಗಳನ್ನು ಪಳಗಿಸಿ ತೋರಿಸಿದವರೂ ಇದ್ದಾರೆ. ೧೯೭೯ರಲ್ಲಿ ಪಾರಿವಾಳದ ತಲೆಯಲ್ಲಿ ಸೂಜಿಗಲ್ಲು ಇದೆಯೆಂಬ ವಾರ್ತೆ ಬಂದಿತು; ಕೊಕ್ಕಿನಲ್ಲಿ ಕಬ್ಬಿಣ ತುಂಬಿದ ಕಣಗಳಿವೆ, ಅವೇ ದಿಕ್ಸೂಚಿ ಎಂಬ ಮಾತೂ ಮುಂದೆ ಪುಸ್ತಕಗಳಿಗೆ ಸೇರಿತು. ಆದರೆ ೨೦೧೨ರಲ್ಲಿ ಡೇವಿಡ್ ಕೀಸರೂ ಅವರ ಸಂಗಡಿಗರೂ ಆ ಕಣಗಳನ್ನು ಒಂದೊಂದಾಗಿ ಪರೀಕ್ಷಿಸಲು, ಅವು ರಕ್ತದ ಹಳೆಯ ಕಬ್ಬಿಣವನ್ನು ಗುಡಿಸಿ ಎತ್ತುವ ಜಾಡಮಾಲಿ ಕಣಗಳೆಂದು ತಿಳಿದುಬಂದಿತು. ಸಂತೆಯ ಮಾರಾಟಗಾರನಿಗೆ ೧೯೭೯ರ ವಾರ್ತೆಯು ಮುಟ್ಟಿದೆ, ೨೦೧೨ರದು ಮುಟ್ಟಿಲ್ಲ. ಇಂಥ ವ್ಯಾಪಾರಗಳಲ್ಲಿ ಇದು ವಾಡಿಕೆ.

ಹಾಗೆಂದು ಹಕ್ಕಿಗೆ ದಿಕ್ಕಿನ ಅರಿವಿಲ್ಲವೆಂದಲ್ಲ. ಹಕ್ಕಿಯ ಮಾತೆತ್ತಿದರೆ ಮದ್ದೂರು ತಾಲ್ಲೂಕಿನವರು ಕೊಕ್ಕರೆ ಬೆಳ್ಳೂರನ್ನು ನೆನೆಯುತ್ತಾರೆ. ಹೆರಿಗೆಗೆ ತವರಿಗೆ ಬಂದ ಹೆಣ್ಣುಮಕ್ಕಳೆಂದು ಆ ಊರಿನವರು ಹೆಜ್ಜಾರ್ಲೆಗಳನ್ನೂ ಬಣ್ಣದ ಕೊಕ್ಕರೆಗಳನ್ನೂ ಕಾಪಾಡಿಕೊಂಡು ಬಂದಿರುವುದು ನಾಡಿಗೇ ಹೆಮ್ಮೆ. ಆದರೆ ಅವು ನಮ್ಮ ನಾಡಿನ ಆಚೆಯಿಂದ ಬರುವ ಯಾತ್ರಿಕರಲ್ಲ. ನಮ್ಮ ಪ್ರಸ್ತಾಪಕ್ಕೆ ಒದಗುವುದು ಚಳಿಗಾಲದಲ್ಲಿ ಹಿತ್ತಿಲ ಬೇಲಿಯೊಳಗೆ ಅಡಗಿಕೊಂಡು 'ಚಕ್ ಚಕ್' ಎನ್ನುವ, ಗುಬ್ಬಿಗಿಂತ ಸಣ್ಣದಾದ ಕಂದುಬಣ್ಣದ ಉಲಿಯಕ್ಕಿ. ಅದು ಹಿಮಾಲಯದ ಆಚೆಯಿಂದ ಬರುತ್ತದೆ. ಉಲಿಯಕ್ಕಿಗಳ ಬಳಗದಲ್ಲಿ ಎಳೆಯ ಹಕ್ಕಿಗಳು ತಂದೆತಾಯಿಗಳ ಜತೆಯಿಲ್ಲದೆ ರಾತ್ರಿಯಲ್ಲಿ ಒಂಟಿಯಾಗಿ ಮೊದಲ ಯಾತ್ರೆಯನ್ನು ಮಾಡುವುದುಂಟು. ದಾರಿ ತೋರಿಸಿದವರು ಯಾರು? ಯೂರೋಪಿನಲ್ಲಿ ಇದೇ ಬಳಗದ ಕರಿನೆತ್ತಿಯ ಹಕ್ಕಿಯೊಂದಿದೆ. ಅದರ ಪಡುವಣ ಕುಲಗಳು ನೈರುತ್ಯಕ್ಕೂ ಮೂಡಣ ಕುಲಗಳು ಆಗ್ನೇಯಕ್ಕೂ ಹೋಗುತ್ತವೆ. ಜರ್ಮನಿಯ ಆಂಡ್ರಿಯಾಸ್ ಹೆಲ್ಬಿಗ್ ಎಂಬವರು ೧೯೯೧ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ ಈ ಎರಡು ಕುಲಗಳನ್ನು ಕೂಡಿಸಿದಾಗ ಹುಟ್ಟಿದ ಮರಿಗಳು ಎರಡರ ನಡುವಣ ದಿಕ್ಕಾದ ತೆಂಕಣಕ್ಕೆ ಹೊರಡಲು ಹಾತೊರೆದವು. ದಿಕ್ಕು ಕೂಡ ಭತ್ತದ ಗುಣದಂತೆ ತಾಯಿತಂದೆಗಳಿಂದ ಬೆರೆತು ಬರುತ್ತದೆ!

ಹಕ್ಕಿಯು ಆ ದಿಕ್ಕನ್ನು ಹಿಡಿಯುವ ಉಪಕರಣವು ಬಹುಶಃ ಕಲ್ಲಲ್ಲ. ಅದರ ಕಣ್ಣಿನಲ್ಲಿ ಕ್ರಿಪ್ಟೋಕ್ರೋಮ್ ಎಂಬ ಸಸಾರಜನಕ ವಸ್ತುವಿದೆ. ಬೆಳಕು ತಾಕಿದಾಗ ಅದರೊಳಗೆ ನಡೆಯುವ ಸೂಕ್ಷ್ಮವಾದ ಬದಲಾವಣೆಯು ಅಯಸ್ಕಾಂತಬಲಕ್ಕೆ ತಕ್ಕಂತೆ ಹೆಚ್ಚುಕಡಮೆಯಾಗುತ್ತದೆ. ಯೂರೋಪಿನ ರಾಬಿನ್ ಹಕ್ಕಿಯ ಜೀನಿನಿಂದ ಇದನ್ನು ಪ್ರಯೋಗಶಾಲೆಯಲ್ಲಿ ತಯಾರಿಸಿ, ಯಾತ್ರೆ ಹೋಗದ ಕೋಳಿ ಪಾರಿವಾಳಗಳ ವಸ್ತುವಿಗಿಂತ ಇದು ಹೆಚ್ಚು ಸೂಕ್ಷ್ಮವಾದುದೆಂದು ಓಲ್ಡೆನ್‌ಬರ್ಗ್, ಆಕ್ಸ್‌ಫರ್ಡ್‌ಗಳ ಪಂಡಿತರು ೨೦೨೧ರಲ್ಲಿ ತೋರಿಸಿದರು. ಇದರ ನಡುವೆ ಒಂದು ಹುಸಿ ಹುಣ್ಣಿಮೆಯೂ ಆಗಿಹೋಯಿತು. ತಾನೇ ಸೂಜಿಯಂತೆ ತಿರುಗುವ ಜೀನಿನ ವಸ್ತುವೊಂದು ಎಲ್ಲ ಪ್ರಾಣಿಗಳಲ್ಲಿಯೂ ದೊರೆತಿದೆಯೆಂದು ಚೀನದಿಂದ ೨೦೧೫ರಲ್ಲಿ ಪ್ರಕಟವಾದ ಲೇಖನವು ಭಾರೀ ಸದ್ದು ಮಾಡಿತು. ಮಾರ್ಕಸ್ ಮೈಸ್ಟರ್ ಎಂಬವರು ೨೦೧೬ರಲ್ಲಿ ಬರಿಯ ಲೆಕ್ಕ ಹಾಕಿ, ಅದರಲ್ಲಿರುವ ಕೆಲವೇ ಕಬ್ಬಿಣದ ಅಣುಗಳಿಂದ ಅಂಥ ಕೆಲಸವು ಆಗಬೇಕಾದರೆ ಬಲವು ಕಡಮೆಯೆಂದರೂ ಲಕ್ಷ ಪಾಲು ಹೆಚ್ಚಾಗಬೇಕೆಂದು ತೋರಿಸಿದರು.

ಮನುಷ್ಯನ ಮಾತಿಗೆ ಬರೋಣ. ದೊಡ್ಡವರ ಮೈಯಲ್ಲಿ ಕಬ್ಬಿಣವಿರುವುದು ಮೂರು ನಾಲ್ಕು ಗ್ರಾಂ. ಅದು ಕಲ್ಲಿನ ರೂಪದಲ್ಲಿಲ್ಲ. ಬಹುಪಾಲು ರಕ್ತದ ಹೀಮೋಗ್ಲೋಬಿನ್ನಿನಲ್ಲಿ ಅಣು ಅಣುವಾಗಿ ಬೇರೆ ಬೇರೆ ಕೂತಿದೆ. ಅಂಥ ಕಬ್ಬಿಣವು ಮೊಳೆಯಂತೆ ಸೂಜಿಗಲ್ಲಿಗೆ ಓಡಿಬರುವುದಿಲ್ಲ. ೧೯೩೬ರಲ್ಲಿಯೇ ಲೈನಸ್ ಪಾಲಿಂಗ್, ಚಾರ್ಲ್ಸ್ ಕೋರಿಯೆಲ್ ಎಂಬಿಬ್ಬರು ಇದನ್ನು ಅಳೆದು, ಆಮ್ಲಜನಕವನ್ನು ಹೊತ್ತ ಹೀಮೋಗ್ಲೋಬಿನ್ ಸೂಜಿಗಲ್ಲಿನಿಂದ ಎಳ್ಳಷ್ಟು ದೂರವೇ ಸರಿಯುವುದೆಂದೂ ಆಮ್ಲಜನಕವನ್ನು ಇಳಿಸಿದುದು ಅತ್ಯಲ್ಪವಾಗಿ ಸೆಳೆಯಲ್ಪಡುವುದೆಂದೂ ತೋರಿಸಿದರು. ಆಸ್ಪತ್ರೆಯ ಎಂ.ಆರ್.ಐ. ಯಂತ್ರದ ಅಯಸ್ಕಾಂತವು ಭೂಮಿಯದಕ್ಕಿಂತ ಮೂವತ್ತು ಸಾವಿರ ಪಾಲಿಗೂ ಮಿಗಿಲು. ರಕ್ತವು ಸೂಜಿಗಲ್ಲಿಗೆ ಓಡುವುದೇ ದಿಟವಾಗಿದ್ದರೆ ಅದರೊಳಗೆ ಮಲಗಿದ ರೋಗಿಯು ಎದ್ದು ಬರುತ್ತಿದ್ದನೆ? ಸೂಜಿಗಲ್ಲಿನ ಪಟ್ಟಿಗಳಿಂದ ನೋವು ಶಮನವಾಗುವುದೆಂಬುದಕ್ಕೆ ಆಧಾರವಿಲ್ಲವೆಂದು, ಹಲವು ಪರೀಕ್ಷೆಗಳನ್ನು ಒಟ್ಟುಗೂಡಿಸಿ ನೋಡಿದ ೨೦೦೭ರ ವಿಮರ್ಶೆಯೂ ಹೇಳಿದೆ.

ಮಿದುಳಿನಲ್ಲಿ ಮಾತ್ರ ನಿಜವಾದ ಮ್ಯಾಗ್ನೆಟೈಟಿನ ಲೇಶವಿದೆ. ಕ್ಯಾಲಿಫೋರ್ನಿಯದ ಜೋಸೆಫ್ ಕಿರ್ಶ್‌ವಿಂಕ್ ಅದನ್ನು ೧೯೯೨ರಲ್ಲಿ ಕಂಡರು. ಗ್ರಾಮಿನ ನೂರು ಕೋಟಿಯಲ್ಲಿ ಕೆಲವೇ ಪಾಲು. ಅದರ ಆಕಾರವು ಕೆಸರಿನ ಜೀವಿಯ ಹರಳನ್ನು ಹೋಲುತ್ತಿದ್ದುದರಿಂದ ಮೈಯೇ ಅದನ್ನು ಕಟ್ಟುವುದೆಂದು ಬಗೆದರು. ಆದರೆ ೨೦೧೬ರಲ್ಲಿ ಬಾರ್ಬರಾ ಮಾಹೆರ್ ಎಂಬ ವಿದುಷಿಯೂ ಅವರ ಸಂಗಡಿಗರೂ ಮೆಕ್ಸಿಕೊ, ಮ್ಯಾಂಚೆಸ್ಟರ್ ನಗರಗಳ ೩೭ ಮಂದಿಯ ಮಿದುಳುಗಳನ್ನು ಪರೀಕ್ಷಿಸಿದಾಗ ಬೇರೊಂದು ಬಗೆಯ ಕಣಗಳು ಹೇರಳವಾಗಿ ದೊರೆತವು: ಬೆಂಕಿಯಲ್ಲಿ ಕರಗಿ ತೊಟ್ಟಿಕ್ಕಿ ಗಟ್ಟಿಯಾದಂತೆ ಉರುಟಾಗಿ, ಪ್ಲಾಟಿನಂ, ನಿಕ್ಕಲ್ಲುಗಳ ಸಹವಾಸದಲ್ಲಿ. ಅವು ವಾಹನಗಳ ಹೊಗೆಯಿಂದಲೂ ಬ್ರೇಕಿನ ಸವೆತದಿಂದಲೂ ಗಾಳಿಗೆ ಬಂದು ಉಸಿರಿನೊಡನೆ ಒಳಹೊಕ್ಕವೆಂದು ಅವರ ನಿರ್ಣಯ. ಅವುಗಳಿಂದ ಮರೆವಿನ ರೋಗವು ಬರುವುದೆಂಬ ಶಂಕೆಯಿದೆ. ಅದು ಇನ್ನೂ ಸಿದ್ಧವಾಗಿಲ್ಲ. ಮದ್ದೂರು ಮಂಡ್ಯಗಳ ಹಳೆಯ ಹೆದ್ದಾರಿಯ ಪಕ್ಕದ ಮನೆಗಳವರಿಗೂ, ೨೦೨೩ರಲ್ಲಿ ತೆರೆದ ಹೊಸ ಹೆದ್ದಾರಿಯ ಅಂಚಿನವರಿಗೂ ಇದು ತಿಳಿದಿರುವುದು ಲೇಸು. ಮೈಯೊಳಗಿನ ಸೂಜಿಗಲ್ಲು ಪೂರ್ವಿಕರಿಂದಲೇ ಬಂದಿರಬೇಕೆಂದಿಲ್ಲ, ಬೀದಿಯಿಂದಲೂ ಬರಬಹುದು.

ಇನ್ನು ಆ ಹುಡುಗಿ. ಸೋದರಿ, ನಿಮ್ಮ ಮಗಳು ಬಿಳಿಚಿಕೊಂಡಿದ್ದರೆ ಅವಳಿಗೆ ಬೇಕಾದುದು ರಕ್ತಪರೀಕ್ಷೆ. ೨೦೧೯ರಿಂದ ೨೦೨೧ರವರೆಗೆ ನಡೆದ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಕರ್ನಾಟಕದಲ್ಲಿ ೧೫ರಿಂದ ೪೯ ವಯಸ್ಸಿನ ಹೆಂಗಸರಲ್ಲಿ ನೂರಕ್ಕೆ ಸುಮಾರು ೪೮ ಮಂದಿಗೆ ರಕ್ತಹೀನತೆಯಿದೆ. ಇಷ್ಟು ಸಾಮಾನ್ಯವಾದುದರಿಂದಲೇ ಮನೆಗಳಲ್ಲಿ "ಹುಡುಗಿಯರಿಗೆ ಇದೆಲ್ಲ ಇದ್ದದ್ದೇ" ಎಂದು ಬಿಟ್ಟುಬಿಡುತ್ತಾರೆ. ನಮ್ಮ ದೃಷ್ಟಿಯಲ್ಲಿ ಆ ಉದಾಸೀನವು ಸಂತೆಯ ಸರಕ್ಕಿಂತ ಹೆಚ್ಚಿನ ಕೇಡು. ಹತ್ತಿರದ ಪ್ರಾಥಮಿಕ ಆರೋಗ್ಯ ಕೇಂದ್ರದಲ್ಲಿ ಹೀಮೋಗ್ಲೋಬಿನ್ನನ್ನು ನೋಡಿಸಿರಿ. ಕಬ್ಬಿಣದ ಕೊರತೆಯೆಂದು ತಿಳಿದರೆ ವೈದ್ಯರು ಮಾತ್ರೆ ಕೊಡುವರು. ತಿಂಗಳುಗಟ್ಟಲೆ ಬಿಡದೆ ನುಂಗಿಸಬೇಕು. ಸೊಪ್ಪು, ಕಾಳು, ರಾಗಿಗಳ ಊಟಕ್ಕೆ ನಿಂಬೆಯ ಹುಳಿಯನ್ನು ಹಿಂಡಿದರೆ ಕಬ್ಬಿಣವು ಹೆಚ್ಚಾಗಿ ಮೈಗೆ ಸೇರುವುದು. ಊಟದ ಜತೆಗೇ ಕಾಫಿ ಟೀ ಕುಡಿದರೆ ಅದು ತಡೆಯುವುದು.

ಪರೀಕ್ಷೆಯಿಲ್ಲದೆ ಕಬ್ಬಿಣದ ಮಾತ್ರೆಯನ್ನು ಬಹುಕಾಲ ಕೊಡಬೇಡಿರಿ ಎಂಬುದಕ್ಕೆ ಕಾರಣವುಂಟು, ಹಾಗೂ ಇಲ್ಲಿ ವಂಶದ ಪ್ರಶ್ನೆಯು ನಿಜವಾಗಿಯೂ ಏಳುತ್ತದೆ. ಥಾಲಸೀಮಿಯಾ ಎಂಬ ರೋಗದಲ್ಲಿ ಹೀಮೋಗ್ಲೋಬಿನ್ನಿನ ಜೀನೇ ಕೆಟ್ಟಿರುತ್ತದೆ. ಅಲ್ಲಿಯೂ ಮುಖವು ಬಿಳಿಚಿಕೊಳ್ಳುತ್ತದೆ, ಆದರೆ ಕಬ್ಬಿಣದ ಕೊರತೆಯಿಂದಲ್ಲ. ತೀವ್ರವಾದ ರೂಪದಲ್ಲಿ ಕಬ್ಬಿಣವು ಮೈಯಲ್ಲಿ ಮಿತಿಮೀರಿ ಶೇಖರವಾಗುವುದೇ ಅಪಾಯ. ಒಂದು ಕೆಟ್ಟ ಜೀನನ್ನು ಮಾತ್ರ ಹೊತ್ತವರು ಆರೋಗ್ಯವಾಗಿಯೇ ಇರುತ್ತಾರೆ. ಅಂಥ ಇಬ್ಬರು ಮದುವೆಯಾದರೆ ಪ್ರತಿಯೊಂದು ಮಗುವಿಗೂ ನಾಲ್ಕರಲ್ಲಿ ಒಂದು ಪಾಲು ರೋಗದ ಸಂಭವವಿದೆ. ಜಾತಕವನ್ನು ತೋರಿಸುವ ಮನೆಗಳವರು ಈ ಒಂದು ರಕ್ತಪರೀಕ್ಷೆಯನ್ನೂ ಮಾಡಿಸುವ ಪದ್ಧತಿಯನ್ನು ಹಿಡಿದರೆ ಎಷ್ಟೋ ಕಣ್ಣೀರು ತಪ್ಪುವುದು.

ಮನೆಯಲ್ಲಿ ಈಗಾಗಲೇ ಅಯಸ್ಕಾಂತದ ಮಣಿಗಳಿದ್ದರೆ ಸಣ್ಣ ಮಕ್ಕಳ ಕೈಗೆ ಸಿಗದಂತೆ ಎತ್ತಿಡಿರಿ. ಮಗು ಎರಡು ಮಣಿಗಳನ್ನು ನುಂಗಿದರೆ ಅವು ಕರುಳಿನ ಬೇರೆ ಬೇರೆ ಸುರುಳಿಗಳಿಂದ ಒಂದನ್ನೊಂದು ಸೆಳೆದು ಹಿಡಿದು ಕರುಳನ್ನೇ ತೂತುಮಾಡುತ್ತವೆ. ನುಂಗಿದ ಶಂಕೆ ಬಂದರೂ ತಡಮಾಡದೆ ಆಸ್ಪತ್ರೆಗೆ ಓಡಬೇಕು.

ಕೊಂಡ ಸೂಜಿಗಲ್ಲು ವ್ಯರ್ಥವಾಯಿತಲ್ಲಾ ಎಂದು ಕೊರಗುವವರಿಗೆ ಅದರಿಂದ ಒಂದು ಒಳ್ಳೆಯ ಕೆಲಸವಿದೆ; ಹೈಸ್ಕೂಲಿಗೆ ಹೋಗುವ ಮಕ್ಕಳು ಮಾಡಿಯಾರು. ಅಗಲವಾದ ಗಾಜಿನ ಭರಣಿಯ ಮೂರನೆಯ ಒಂದು ಪಾಲಿಗೆ ಗದ್ದೆಯ ಅಥವಾ ಕೆರೆಯಂಚಿನ ಮೇಲುಗೆಸರನ್ನು ತುಂಬಿ, ಅದೇ ಕಡೆಯ ನೀರನ್ನು ಅದರ ಮೇಲೆ ನಿಲ್ಲಿಸಿ, ಮುಚ್ಚಳವನ್ನು ಬಿಗಿಮಾಡದೆ, ಬಿಸಿಲು ಬೀಳದ ಮೂಲೆಯಲ್ಲಿ ಎರಡು ಮೂರು ವಾರ ಅಲುಗಿಸದೆ ಇಡಬೇಕು. ಆಮೇಲೆ ಕೆಸರಿನ ಮಟ್ಟಕ್ಕಿಂತ ಒಂದು ಬೆರಳು ಮೇಲೆ ಭರಣಿಯ ಹೊರಮೈಗೆ ಸೂಜಿಗಲ್ಲನ್ನು ಅಂಟಿಸಬೇಕು. ಯೂರೋಪಿನವರು ಅದರ ತೆಂಕಣ ತುದಿಯನ್ನು ಮಾತ್ರ ಇಡುತ್ತಾರೆ. ರೇಖೆಗಳು ಓರೆಯಾಗಿ ಮಲಗಿರುವ ನಮ್ಮ ಸೀಮೆಯಲ್ಲಿ ಒಂದು ಪಕ್ಕಕ್ಕೆ ತೆಂಕಣ ತುದಿಯನ್ನೂ ಎದುರು ಪಕ್ಕಕ್ಕೆ ಇನ್ನೊಂದು ಸೂಜಿಗಲ್ಲಿನ ಬಡಗಣ ತುದಿಯನ್ನೂ ಇಟ್ಟು ನೋಡುವುದು ಮೇಲು. ಒಂದೆರಡು ಗಂಟೆಯ ತರುವಾಯ ಆ ಎರಡು ಎಡೆಗಳಿಂದಲೂ ಕಣ್ಣಿಗೆ ಮದ್ದು ಹಾಕುವ ನಳಿಕೆಯಿಂದ ಒಂದೊಂದು ಹನಿಯನ್ನು ಎತ್ತಿ, ಶಾಲೆಯ ಸೂಕ್ಷ್ಮದರ್ಶಕದಲ್ಲಿ ೪೦೦ ಪಾಲು ಹಿಗ್ಗಿಸಿ, ಹನಿಯ ಅಂಚನ್ನು ನೋಡಬೇಕು. ಪಕ್ಕದಲ್ಲಿ ಸೂಜಿಗಲ್ಲನ್ನು ಹಿಡಿದಾಗ ಚುಕ್ಕೆಗಳು ಆ ಅಂಚಿಗೆ ಬಂದು ನೆರೆದು, ಕಲ್ಲನ್ನು ಹಿಂದುಮುಂದಾಗಿ ತಿರುಗಿಸಿದೊಡನೆ ಎಲ್ಲವೂ ಒಟ್ಟಿಗೆ ಹೊರಳಿ ಎದುರು ದಂಡೆಗೆ ಹೊರಟರೆ ಅವೇ ನಮ್ಮ ಸರದೊಡತಿಯರು. ಯಾವ ದಿಕ್ಕಿನವು ಎಷ್ಟು ಕಂಡವೆಂಬುದನ್ನು ಎಣಿಸಿ, ಕೆಸರು ತೆಗೆದ ಊರಿನ ಹೆಸರಿನೊಡನೆ ನಮಗೆ ಬರೆದು ತಿಳಿಸಿರಿ. ಮಂಡ್ಯ, ಮದ್ದೂರು, ಮಳವಳ್ಳಿ ಮೂರೂ ಕಡೆಯ ಎಣಿಕೆಗಳನ್ನು ಮುಂದಿನ ಸಂಚಿಕೆಗಳಲ್ಲಿ ಅಚ್ಚುಮಾಡುವೆವು.